ಎಂಟು ಲಕ್ಷ ಪೌಂಡಿನ ಪರೀಕ್ಷೆ

2023ರಲ್ಲಿ ಆಫೀಸ್ ಕೆಲಸದ ಮೇಲೆ ಮೂರು ತಿಂಗಳು ಕ್ಯಾಲಿಫೋರ್ನಿಯಾದಲ್ಲಿದ್ದೆ. ಬೇ ಏರಿಯಾದಲ್ಲಿ ಕಾರಿಲ್ಲದವನ ಪಾಡು ಏನು ಅಂತ ಅಲ್ಲಿರುವ ನಿಮ್ಮ ಅಣ್ಣನನ್ನೋ ಅತ್ತೆ ಮಗಳನ್ನೋ ಕೇಳಿ ನೋಡಿ. ನನಗೆ ಆಸರೆಯಾಗಿದ್ದು ಸ್ಯಾನ್ ಫ್ರಾನ್ಸಿಸ್ಕೋ ಮತ್ತು ಸ್ಯಾನ್ ಹೋಸೆ ನಡುವೆ ಓಡುವ ಕ್ಯಾಲ್‌ಟ್ರೇನ್. ಬೆಳಿಗ್ಗೆ ಸನ್ನಿವೇಲ್‌ನಲ್ಲಿ ಹತ್ತಿದರೆ, ಎರಡು ಸೀಟಿನಾಚೆ ಯಾರೋ ಊರಿನ ಅಮ್ಮನ ಜೊತೆ ಫೋನ್‌ನಲ್ಲಿ ಕನ್ನಡ ಮಾತಾಡ್ತಾ ಇರೋದು ಕೇಳಿಸುತ್ತಿತ್ತು.

ಹಳೇ ಡಬ್ಬಿಗಳು, ಎರಡು ಅಂತಸ್ತು. ಆದರೆ ಮೇಲಿನದು ಪೂರ್ತಿ ಮಹಡಿಯಲ್ಲ. ಎರಡೂ ಬದಿಗೆ ಉದ್ದಕ್ಕೆ ಅಟ್ಟ ಕಟ್ಟಿದ ಹಾಗಿರುತ್ತೆ, ನಡುವೆ ಖಾಲಿ. ಅಟ್ಟದ ಮೇಲೆ ಸಾಲಾಗಿ ಒಂದೊಂದೇ ಸೀಟು. ಕಂಡಕ್ಟರ್ ಮೆಟ್ಟಿಲು ಹತ್ತದೆ, ಕೆಳಗೆ ನಿಂತೇ ಮೇಲಿನವರ ಟಿಕೆಟ್ ನೋಡಬಹುದು. ಆ ಒಂಟಿ ಸೀಟು ನನಗೆ ಬಹಳ ಇಷ್ಟವಾಗಿತ್ತು. ಪಕ್ಕದವರು ಇರೋದಿಲ್ಲ, ಕಿಟಕಿ ಪೂರ್ತಿ ನಮ್ಮದೇ.

ಒಂದು ದಿನ ಇಳಿಯುವಾಗ ಬಾಗಿಲ ಪಕ್ಕದ ಚಿಕ್ಕ ಲೋಹದ ಫಲಕ ಕಣ್ಣಿಗೆ ಬಿತ್ತು. ನಿಪ್ಪಾನ್ ಶರ್ಯೋ, ಜಪಾನ್. ಸಂಜೆ ರೂಮಿಗೆ ಬಂದು ಹುಡುಕಿದೆ. ಈ ಡಬ್ಬಿಗಳು 1985ರಿಂದ ಓಡುತ್ತಿವೆ, ಅಂದರೆ ನನಗಿಂತ ಹಿರಿಯರು. ಮುಂದಿನ ವರ್ಷ, 2024ರ ಸೆಪ್ಟೆಂಬರ್‌ನಲ್ಲಿ, ಆ ಮಾರ್ಗಕ್ಕೆ ಎಲೆಕ್ಟ್ರಿಕ್ ರೈಲುಗಳು ಬಂದ ಮೇಲೆ ಇವಕ್ಕೆ ನಿವೃತ್ತಿಯಾಯ್ತು. ಆಮೇಲೂ ಗುಜರಿಗೆ ಹೋಗಲಿಲ್ಲ. ಪೆರು ದೇಶದ ಲಿಮಾ ನಗರ ಅವನ್ನು ಕೊಂಡುಕೊಂಡಿತು. ಸುಮಾರು 40 ವರ್ಷ ದುಡಿದ ಮೇಲೂ ಕೊಳ್ಳುವವರು ಇದ್ದಾರೆ ಅಂದರೆ ಆ ಕೆಲಸ ಎಂಥದ್ದಿರಬೇಕು!

ಹುಡುಕುತ್ತಾ ಹೋದಾಗ ಇನ್ನೊಂದು ಸಂಗತಿ ಸಿಕ್ಕಿತು. ಇದೇ ಕಂಪನಿಗೆ 2012ರಲ್ಲಿ ಮತ್ತೆ ಕ್ಯಾಲಿಫೋರ್ನಿಯಾದಿಂದ, ಮತ್ತೆ ಎರಡು ಅಂತಸ್ತಿನ ಡಬ್ಬಿಗಳಿಗೆ ದೊಡ್ಡ ಆರ್ಡರ್ ಸಿಕ್ಕಿತ್ತು. ಈ ಸಲ 130 ಡಬ್ಬಿ. ಅವುಗಳಲ್ಲಿ ಒಂದೂ ಪ್ರಯಾಣಿಕರನ್ನು ಹೊತ್ತು ಹಳಿ ಮೇಲೆ ಓಡಲಿಲ್ಲ. ಇವತ್ತು ಹೇಳಬೇಕೆಂದಿರುವುದು ಆ ಕಥೆ. ಅದಕ್ಕೂ ಮುಂಚೆ ಕಂಪನಿಯ ಪರಿಚಯ ಸ್ವಲ್ಪ ಆಗಲಿ.

ನಿಪ್ಪಾನ್ ಅಂದರೆ ಜಪಾನ್, ಶರ್ಯೋ ಅಂದರೆ ವಾಹನ. ರೈಲಿನ ಡಬ್ಬಿಗೂ ಅವರು ಅದೇ ಪದ ಬಳಸುತ್ತಾರೆ. 1896ರಲ್ಲಿ ನಗೋಯಾ ನಗರದಲ್ಲಿ ಕಂಪನಿ ಶುರುವಾಯಿತು. ಜಪಾನಿಗೆ ರೈಲು ಬಂದು ಆಗಿನ್ನೂ ಕಾಲು ಶತಮಾನ ತುಂಬಿರಲಿಲ್ಲ. ಎಂಜಿನ್ನುಗಳು ಇಂಗ್ಲೆಂಡಿನಂಥ ದೇಶಗಳಿಂದ ಹಡಗಿನಲ್ಲಿ ಬರುತ್ತಿದ್ದ ಕಾಲ. ನಮ್ಮ ಡಬ್ಬಿಯನ್ನು ನಾವೇ ಕಟ್ಟೋಣ ಅಂತ ಹೊರಟವರಲ್ಲಿ ಇವರೂ ಒಬ್ಬರು.

1927ರ ಡಿಸೆಂಬರ್ 30ರಂದು ಟೋಕಿಯೋದಲ್ಲಿ ಏಷ್ಯಾದ ಮೊದಲ ಮೆಟ್ರೋ ಎನಿಸಿಕೊಂಡ ಸುರಂಗ ರೈಲು ಶುರುವಾಯಿತು. ಉಯೆನೋದಿಂದ ಅಸಕುಸಾಗೆ ಬರೀ 2.2 ಕಿ.ಮೀ. ಅದರ ಹಳದಿ ಡಬ್ಬಿಗಳನ್ನು ಕಟ್ಟಿದ್ದು ನಿಪ್ಪಾನ್ ಶರ್ಯೋ. ಆಗ ರೈಲಿನ ಡಬ್ಬಿ ಅಂದರೆ ಬಹುಪಾಲು ಮರದ್ದು. ಸುರಂಗದೊಳಗೆ ಬೆಂಕಿ ಹೊತ್ತಿಕೊಂಡರೆ ಗತಿಯೇನು? ಅದಕ್ಕೇ ಇವನ್ನು ಪೂರ್ತಿ ಉಕ್ಕಿನಲ್ಲಿ ಮಾಡಿದರು. ಜನರಿಗೆ ಅಪರಿಚಿತ ಅನ್ನಿಸಬಾರದೆಂದೋ ಏನೋ, ಒಳಗಿನ ಉಕ್ಕಿನ ಗೋಡೆಗೆ ಮರದ ಗೆರೆಗಳಂತೆ ಕಾಣುವ ಬಣ್ಣ ಬಳಿದರು. ಅವುಗಳಲ್ಲಿ ಮೊದಲನೇ ಡಬ್ಬಿ, 1001 ನಂಬರಿನದು, ಟೋಕಿಯೋದ ಮೆಟ್ರೋ ಮ್ಯೂಸಿಯಂನಲ್ಲಿ ಈಗಲೂ ಇದೆ.

ಎಲ್ಲ ಹಳೇ ಕಂಪನಿಗಳ ಹಾಗೆ ಇವರ ಇತಿಹಾಸದಲ್ಲೂ ಕತ್ತಲಿನ ಪುಟವಿದೆ. 1936ರಲ್ಲಿ ಇವರು ಕಟ್ಟಿದ ಸಿ56 ಮಾದರಿಯ 31ನೇ ನಂಬರಿನ ಉಗಿ ಎಂಜಿನ್, ಯುದ್ಧಕಾಲದಲ್ಲಿ ಜಪಾನಿ ಸೇನೆ ಥಾಯ್ಲೆಂಡ್–ಬರ್ಮಾ ನಡುವೆ ಹಾಕಿದ ರೈಲು ಮಾರ್ಗದಲ್ಲಿ ಓಡಿತು. ಕೈದಿಗಳೂ ಏಷ್ಯಾದ ಕೂಲಿಗಳೂ ಸಾವಿರಾರು ಸಂಖ್ಯೆಯಲ್ಲಿ ಸತ್ತ, ‘ಸಾವಿನ ರೈಲು’ ಅಂತಲೇ ಹೆಸರಾದ ಮಾರ್ಗವದು. ಮಲಯಾದ ತೋಟಗಳಿಂದ ಹೋದ ತಮಿಳರೂ ಆ ಕೂಲಿಗಳಲ್ಲಿದ್ದರು. ಆ ಎಂಜಿನ್ ಈಗ ಟೋಕಿಯೋದ ಯಸುಕುನಿ ಆವರಣದ ಮ್ಯೂಸಿಯಂನಲ್ಲಿ ಮಿರಮಿರ ಮಿಂಚುತ್ತಾ ನಿಂತಿದೆ.

ಯುದ್ಧ ಮುಗಿದ ಮೇಲಿನದು ಏರುವ ಕಾಲ. 1957ರಲ್ಲಿ ಒಡಾಕ್ಯು ಎಂಬ ಖಾಸಗಿ ರೈಲು ಕಂಪನಿಗೆ ಕವಾಸಾಕಿ ಜೊತೆ ಸೇರಿ ಕಟ್ಟಿದ ಹಗುರವಾದ ರೈಲು ಗಂಟೆಗೆ 145 ಕಿ.ಮೀ. ಮುಟ್ಟಿತು. ಕಿರಿದಾದ ಹಳಿಯ ಮೇಲೆ ಅದು ಆಗ ವಿಶ್ವದಾಖಲೆ. 1961ರಲ್ಲಿ ನಗೋಯಾದ ಮೇಯ್ತೆತ್ಸು ಕಂಪನಿಗೆ ‘ಪನೋರಮಾ ಕಾರ್’ ಮಾಡಿಕೊಟ್ಟರು. ಅದರಲ್ಲಿ ಡ್ರೈವರ್‌ನನ್ನು ಮಹಡಿಗೆ ಕಳಿಸಿ, ಅವನ ಜಾಗದಲ್ಲಿ ಪ್ರಯಾಣಿಕರನ್ನು ಕೂರಿಸಿದ್ದರು! ರೈಲಿನ ಮೂತಿಯಲ್ಲೇ ಕೂತು ಹಳಿ ನೋಡುತ್ತಾ ಹೋಗಬಹುದು. ಆದರೆ ಆ ದಾರಿಯಲ್ಲಿ ಲೆವೆಲ್ ಕ್ರಾಸಿಂಗ್‌ಗಳಿದ್ದವು. ಲಾರಿ ಅಡ್ಡ ಬಂದರೆ ಮೊದಲ ಪೆಟ್ಟು ಪ್ರಯಾಣಿಕರಿಗೇ. ಹಾಗಾಗಿ ಪೆಟ್ಟಿನ ಬಲವನ್ನು ನುಂಗುವ ಆಯಿಲ್ ಡ್ಯಾಂಪರ್‌ಗಳನ್ನು ಮೂತಿಯಲ್ಲಿ ಕೂರಿಸಿದರು. ಡಿಕ್ಕಿಯಾದರೆ ಏನಾಗುತ್ತೆ ಎಂಬ ಪ್ರಶ್ನೆ ಈ ಕಂಪನಿಗೆ ಹೊಸದೇನಲ್ಲ ಅನ್ನೋದಕ್ಕೆ ಇದನ್ನು ಹೇಳಿದೆ.

1964ರ ಅಕ್ಟೋಬರ್ 1ರಂದು ಟೋಕಿಯೋ–ಒಸಾಕಾ ನಡುವೆ ಶಿಂಕಾನ್ಸೆನ್, ಅಂದರೆ ನಾವು ಬುಲೆಟ್ ಟ್ರೇನ್ ಅನ್ನುವ ರೈಲು, ಗಂಟೆಗೆ 210 ಕಿ.ಮೀ. ವೇಗದಲ್ಲಿ ಓಡತೊಡಗಿತು. ಡಬ್ಬಿಗಳನ್ನು ಕಟ್ಟಿದ ಐದು ಕಂಪನಿಗಳಲ್ಲಿ ನಿಪ್ಪಾನ್ ಶರ್ಯೋ ಒಂದು. ಅಲ್ಲಿಂದ ಇಲ್ಲಿವರೆಗೆ ಆ ಮಾರ್ಗದ ಪ್ರತಿ ತಲೆಮಾರಿನ ರೈಲಿನಲ್ಲೂ ಇವರ ಕೈಯಿದೆ. 2007ರಲ್ಲಿ ಶುರುವಾದ ತೈವಾನಿನ ಹೈಸ್ಪೀಡ್ ರೈಲಿನಲ್ಲೂ ಪಾಲಿದೆ. 2008ರಲ್ಲಿ ಟೋಕಿಯೋ–ಒಸಾಕಾ ಶಿಂಕಾನ್ಸೆನ್ ನಡೆಸುವ ಜೆಆರ್ ಸೆಂಟ್ರಲ್ ಈ ಕಂಪನಿಯನ್ನು ತನ್ನ ಅಂಗಸಂಸ್ಥೆಯಾಗಿ ಮಾಡಿಕೊಂಡಿತು. 2015ರ ಏಪ್ರಿಲ್ 21ರಂದು ಜೆಆರ್ ಸೆಂಟ್ರಲ್‌ನ ಮ್ಯಾಗ್ಲೆವ್ ರೈಲು ಗಂಟೆಗೆ 603 ಕಿ.ಮೀ. ಓಡಿ ಲೋಕವನ್ನೇ ಬೆರಗುಗೊಳಿಸಿತಲ್ಲ, ಅದರ ಡಬ್ಬಿ ಕಟ್ಟಿದವರಲ್ಲೂ ಇವರಿದ್ದರು.

ಆ ದಿನಾಂಕ ನೆನಪಿಟ್ಟುಕೊಳ್ಳಿ. ಅದಾಗಿ ನಾಲ್ಕೇ ತಿಂಗಳಿಗೆ, 2015ರ ಆಗಸ್ಟ್‌ನಲ್ಲಿ, ಇದೇ ಕಂಪನಿ ಕಟ್ಟಿದ ಇನ್ನೊಂದು ಡಬ್ಬಿ ನಿಂತ ಜಾಗದಲ್ಲೇ ಸೋತಿತು.

ಅಮೆರಿಕ ಇವರಿಗೆ ಅಪರಿಚಿತ ಮಾರುಕಟ್ಟೆಯಲ್ಲ. 1980ರ ದಶಕದಿಂದಲೇ ಷಿಕಾಗೋ ಕಡೆಗೆ, ಕ್ಯಾಲಿಫೋರ್ನಿಯಾಗೆ ಡಬ್ಬಿ ಕಳಿಸುತ್ತಿದ್ದರು. 2012ರಲ್ಲಿ ಷಿಕಾಗೋದ ಪಶ್ಚಿಮಕ್ಕಿರುವ ರೋಷೆಲ್ ಎಂಬ ಪುಟ್ಟ ಊರಿನಲ್ಲಿ ಸ್ವಂತ ಕಾರ್ಖಾನೆಯನ್ನೇ ತೆರೆದರು. ಅದೇ ವರ್ಷ ನವೆಂಬರ್‌ನಲ್ಲಿ ದೊಡ್ಡ ಆರ್ಡರ್ ಬಂತು. ಕ್ಯಾಲಿಫೋರ್ನಿಯಾ ಮುಂದಾಳತ್ವದಲ್ಲಿ ಇಲಿನಾಯ್, ಮಿಷಿಗನ್, ಮಿಸ್ಸೂರಿ ಸೇರಿ 130 ಡಬ್ಬಿಗಳಿಗೆ ಒಪ್ಪಂದ. ಮೊತ್ತ 35.2 ಕೋಟಿ ಡಾಲರ್. ಗುತ್ತಿಗೆ ಸುಮಿತೊಮೊ ಕಂಪನಿಯ ಹೆಸರಿನಲ್ಲಿ, ಕಟ್ಟುವ ಹೊಣೆ ನಿಪ್ಪಾನ್ ಶರ್ಯೋದ್ದು. ಎರಡು ಅಂತಸ್ತು, ಗಂಟೆಗೆ 200 ಕಿ.ಮೀ. ವೇಗ ತಾಳಬೇಕು, ಬಿಡಿಭಾಗಗಳೆಲ್ಲ ಅಮೆರಿಕದಲ್ಲೇ ತಯಾರಾಗಬೇಕು.

ಜೊತೆಗೆ ಒಂದು ಗಡುವು. ಹಣ ಬಂದದ್ದು 2009ರ ಆರ್ಥಿಕ ಹಿಂಜರಿತದ ಸಮಯದಲ್ಲಿ ಒಬಾಮ ಸರ್ಕಾರ ತಂದ ಪರಿಹಾರ ಯೋಜನೆಯಿಂದ. ಅದು 2017ರ ಸೆಪ್ಟೆಂಬರ್ ಕೊನೆಯೊಳಗೆ ಖರ್ಚಾಗಬೇಕು. ಇಲ್ಲದಿದ್ದರೆ ಹಣ ಕೈತಪ್ಪುತ್ತೆ. ಗಡುವು ಅಂದರೆ ಏನು ಅಂತ ಸಾಫ್ಟ್‌ವೇರ್‌ನವರಿಗೆ ವಿವರಿಸಬೇಕಾಗಿಲ್ಲ.

ಇನ್ನು ಪರೀಕ್ಷೆಯ ವಿಷಯ. ಅಮೆರಿಕದ ನಿಯಮದ ಪ್ರಕಾರ ಪ್ರಯಾಣಿಕರ ಡಬ್ಬಿಯನ್ನು ಎರಡೂ ತುದಿಯಿಂದ 8,00,000 ಪೌಂಡ್ ಬಲದಲ್ಲಿ ಒತ್ತಿದರೂ ಅದು ಶಾಶ್ವತವಾಗಿ ಸೊಟ್ಟಗಾಗಬಾರದು. ನಮ್ಮ ಲೆಕ್ಕದಲ್ಲಿ ಸುಮಾರು 363 ಟನ್. ಲೋಡು ತುಂಬಿದ ಹತ್ತು ಚಕ್ರದ ಲಾರಿಗಳನ್ನು ಹದಿಮೂರು ಪೇರಿಸಿದರೆ ಆಗುವ ತೂಕ. ಸೀಟು, ಕಿಟಕಿ ಏನೂ ಹಾಕದ ಬರೀ ಉಕ್ಕಿನ ಗೂಡನ್ನು ಒಂದು ಚೌಕಟ್ಟಿನೊಳಗೆ ನಿಲ್ಲಿಸಿ, ಜಾಕ್‌ಗಳಿಂದ ನಿಧಾನವಾಗಿ ಒತ್ತುತ್ತಾ ಹೋಗುತ್ತಾರೆ. ಎಲ್ಲಿ ಎಷ್ಟು ಬಾಗಿತು ಅಂತ ಅಂಟಿಸಿದ ಸೆನ್ಸಾರ್‌ಗಳು ಹೇಳುತ್ತವೆ. ಒತ್ತಡ ತೆಗೆದ ಮೇಲೆ ಗೂಡು ಮೊದಲಿನ ಆಕಾರಕ್ಕೆ ಮರಳಬೇಕು.

ಎರಡು ಅಂತಸ್ತಿನ ಡಬ್ಬಿಗೆ ಇದು ಕಷ್ಟದ ಪರೀಕ್ಷೆ. ಮಾಮೂಲಿ ಡಬ್ಬಿಯಲ್ಲಿ ತುದಿಯ ಕೊಂಡಿಯಿಂದ ಬಂದ ಬಲ ನೆಲದ ತೊಲೆಯಲ್ಲಿ ನೇರವಾಗಿ ಈ ಕಡೆಯಿಂದ ಆ ಕಡೆಗೆ ಹೋಗುತ್ತೆ. ಎರಡು ಅಂತಸ್ತಿನದರಲ್ಲಿ ಕೆಳಗಿನ ನೆಲ ಚಕ್ರಗಳ ನಡುವೆ ತಗ್ಗಿಗೆ ಇಳಿದಿರುತ್ತೆ. ಬಲ ನೇರ ಹೋಗೋ ಹಾಗಿಲ್ಲ, ಇಳಿದು ಹತ್ತಿ ಹೋಗಬೇಕು. ಒಂದು ಸಣ್ಣ ಕಡ್ಡಿಯನ್ನು ನೇರವಾಗಿ ಒತ್ತಿ ನೋಡಿ, ತಡೆಯುತ್ತೆ. ಅದನ್ನೇ ಕೊಂಚ ಬಗ್ಗಿಸಿ ಒತ್ತಿ, ಬಗ್ಗಿದಲ್ಲೇ ಇನ್ನೂ ಬಗ್ಗುತ್ತೆ. ಉಕ್ಕು ದಪ್ಪ ಮಾಡೋಣ ಅಂದರೆ ತೂಕ ಏರುತ್ತೆ. ತೂಕಕ್ಕೂ ಮಿತಿಯಿದೆ.

2015ರ ಆಗಸ್ಟ್‌ನಲ್ಲಿ ಮಾದರಿ ಡಬ್ಬಿಯನ್ನು ಒತ್ತಿದರು. 8,00,000 ಪೌಂಡ್ ತಾಳಲಿಲ್ಲ, ಗೂಡು ಸೋತಿತು.

‘ಅಷ್ಟು ಕಟ್ಟುನಿಟ್ಟು ಯಾಕೆ? ಜಪಾನಿನಲ್ಲಿ ಇಂಥ ನಿಯಮ ಇಲ್ಲದೆಯೂ ರೈಲು ಓಡ್ತಿಲ್ವಾ?’ ಅಂತ ಕೇಳಬಹುದು. ನನಗೂ ಮೊದಲು ಹಾಗೇ ಅನ್ನಿಸಿತ್ತು. ಎರಡೂ ದೇಶಗಳ ಹಳಿ ನೋಡಿದರೆ ಉತ್ತರ ಸಿಗುತ್ತೆ. ಶಿಂಕಾನ್ಸೆನ್‌ನ ತತ್ವ ‘ಡಿಕ್ಕಿಯೇ ಆಗದ ಹಾಗೆ ನೋಡಿಕೋ’. ಅದರ ಹಳಿಯ ಮೇಲೆ ಗೂಡ್ಸ್ ಇಲ್ಲ, ಲೆವೆಲ್ ಕ್ರಾಸಿಂಗ್ ಇಲ್ಲ. ರೈಲಿನ ವೇಗವನ್ನು ಯಂತ್ರವೇ ಕಾಯುತ್ತೆ. 1964ರಿಂದ ಇವತ್ತಿನವರೆಗೆ ಡಿಕ್ಕಿಯಾಗಿಯೋ ಹಳಿ ತಪ್ಪಿಯೋ ಅದರಲ್ಲಿ ಒಬ್ಬ ಪ್ರಯಾಣಿಕನೂ ಸತ್ತಿಲ್ಲ. ಡಿಕ್ಕಿಯೇ ಇಲ್ಲದ ಮೇಲೆ ಭಾರೀ ಉಕ್ಕು ಯಾಕೆ? ಹಗುರ ಮಾಡಿ, ವೇಗ ಹೆಚ್ಚಿಸಿ.

ಅಮೆರಿಕದಲ್ಲಿ ಪ್ರಯಾಣಿಕರ ರೈಲು ಓಡುವ ಹಳಿ ಬಹುಪಾಲು ಗೂಡ್ಸ್ ಕಂಪನಿಗಳದ್ದು. ಸಾವಿರಾರು ಟನ್ನಿನ ಗೂಡ್ಸ್ ಅದೇ ಹಳಿಯಲ್ಲಿ ಹಿಂದೆ ಮುಂದೆ ಬರುತ್ತಿರುತ್ತೆ. ಹಾಗಾಗಿ ಅಲ್ಲಿನ ತತ್ವ ‘ಡಿಕ್ಕಿ ಆಗೇ ಆಗುತ್ತೆ, ಒಳಗಿದ್ದವರು ಬದುಕಬೇಕು’. ಕಳೆದ ಶತಮಾನದ ನಡುವಿನಿಂದ ಅಲ್ಲಿನ ರೈಲ್ವೆಗಳು ಪಾಲಿಸಿಕೊಂಡು ಬಂದ ಲೆಕ್ಕವಿದು, 1999ರಲ್ಲಿ ಕೇಂದ್ರ ಸರ್ಕಾರದ ನಿಯಮವೂ ಆಯಿತು. ಎರಡು ತತ್ವಗಳೂ ಅವರವರ ಹಳಿಯ ಮೇಲೆ ಸರಿಯೇ. ಒಂದರಲ್ಲಿ ಗಳಿಸಿದ ಮಾರ್ಕ್ಸ್ ಇನ್ನೊಂದರಲ್ಲಿ ನಡೆಯೋದಿಲ್ಲ, ಅಷ್ಟೇ. ನಿಪ್ಪಾನ್ ಶರ್ಯೋಗೆ ಈ ನಿಯಮ ಗೊತ್ತಿತ್ತು, ಹಿಂದೆಲ್ಲ ಅದನ್ನು ಪಾಲಿಸಿಯೇ ಅಮೆರಿಕಕ್ಕೆ ಡಬ್ಬಿ ಕೊಟ್ಟಿದ್ದರು. ಆದರೆ ಈ ವಿನ್ಯಾಸ ಹೊಸದು. ಹೊಸ ವಿನ್ಯಾಸ ಹಳೇ ಸರ್ಟಿಫಿಕೇಟ್ ತೋರಿಸಿ ಪಾಸಾಗೋ ಹಾಗಿಲ್ಲ.

ಆಮೇಲೆ ಆದದ್ದು ಬೇಗ ಹೇಳಿ ಮುಗಿಸಬಹುದು. ಗೂಡನ್ನು ಮತ್ತೆ ವಿನ್ಯಾಸ ಮಾಡಬೇಕಾಯಿತು. ದಿನಗಳು ಓಡಿದವು. ಕೆಲಸವಿಲ್ಲದೆ ರೋಷೆಲ್‌ನಲ್ಲಿ ಕಾರ್ಮಿಕರನ್ನು ಮನೆಗೆ ಕಳಿಸತೊಡಗಿದರು. ಹಣದ ಗಡುವು ಮೀರಿತು. 2017ರ ನವೆಂಬರ್‌ನಲ್ಲಿ ಆರ್ಡರ್ ಸೀಮೆನ್ಸ್ ಕೈಗೆ ಹೋಯಿತು. 130ರ ಬದಲು 137 ಡಬ್ಬಿ, ಎಲ್ಲ ಒಂದೇ ಅಂತಸ್ತಿನವು. 2018ರಲ್ಲಿ ರೋಷೆಲ್ ಕಾರ್ಖಾನೆ ಮುಚ್ಚಿತು. ತೆರೆದು ಆರೇ ವರ್ಷ. ಊರಿಗೆ ದೊಡ್ಡ ಕಂಪನಿ ಬಂತು ಅಂತ ಸಾಲ ಮಾಡಿ ಮನೆ ಕೊಂಡವರು ಅಲ್ಲೂ ಇದ್ದಿರಬೇಕು ಅಲ್ವಾ?

ಇಷ್ಟು ಓದಿ, ಪಾಪ ಹಳೇ ಕಂಪನಿ ಕೊನೆಗೆ ಎಡವಿತು ಅಂತ ಲ್ಯಾಪ್‌ಟಾಪ್ ಮುಚ್ಚುವವನಿದ್ದೆ. ಆದರೆ ಅದೇ ಹುಡುಕಾಟದಲ್ಲಿ ಇನ್ನೊಂದು ಸುದ್ದಿ ಕಂಡಿತು. ಅದನ್ನು ಓದಿದ ಮೇಲೆ ನನ್ನ ತೀರ್ಪು ಬದಲಾಯಿತು.

ಸೀಮೆನ್ಸ್‌ಗೆ ಆರ್ಡರ್ ಹೋದ ಮರುತಿಂಗಳು, 2017ರ ಡಿಸೆಂಬರ್ 11ರಂದು, ಹಕಾತಾದಿಂದ ಟೋಕಿಯೋಗೆ ಹೊರಟ ನೊಝೋಮಿ 34 ಎಂಬ ಶಿಂಕಾನ್ಸೆನ್‌ನಲ್ಲಿ ಸಿಬ್ಬಂದಿಗೆ ಸುಟ್ಟ ವಾಸನೆ ಬಂತು, ಏನೋ ಸದ್ದು ಕೇಳಿಸಿತು. ಆದರೂ ರೈಲು ಗಂಟೆಗಟ್ಟಲೆ ಓಡಿತು. ನಗೋಯಾದಲ್ಲಿ ನಿಲ್ಲಿಸಿ ಕೆಳಗೆ ಬಗ್ಗಿ ನೋಡಿದರೆ ಬೋಗಿ ಬಿರುಕು ಬಿಟ್ಟಿತ್ತು. ನಾವು ಬೋಗಿ ಅಂತ ಇಡೀ ಡಬ್ಬಿಯನ್ನು ಕರೀತೀವಿ. ಎಂಜಿನಿಯರ್‌ಗಳ ಬೋಗಿ ಅಂದರೆ ಡಬ್ಬಿಯ ಕೆಳಗೆ ಚಕ್ರಗಳನ್ನು ಹಿಡಿದಿರುವ ಉಕ್ಕಿನ ಚೌಕಟ್ಟು. 17 ಸೆಂ.ಮೀ. ಎತ್ತರದ ತೊಲೆಯಲ್ಲಿ ಬಿರುಕು 14 ಸೆಂ.ಮೀ. ಏರಿತ್ತು. ಇನ್ನು ಮೂರು ಸೆಂ.ಮೀ. ಆಗಿದ್ದರೆ ತೊಲೆ ತುಂಡು. ರೈಲಿನಲ್ಲಿ ಸುಮಾರು ಸಾವಿರ ಜನರಿದ್ದರು.

ಆ ಚೌಕಟ್ಟು ಮಾಡಿದ್ದು ಕವಾಸಾಕಿ. 2018ರ ಫೆಬ್ರುವರಿಯಲ್ಲಿ ಕಂಪನಿಯೇ ಕಾರಣ ಒಪ್ಪಿಕೊಂಡಿತು. ಚೌಕಟ್ಟಿನ ತಳದ ಉಕ್ಕು ಕನಿಷ್ಠ 7 ಮಿ.ಮೀ. ದಪ್ಪ ಇರಬೇಕಿತ್ತು. ಇನ್ನೊಂದು ಭಾಗ ಸರಿಯಾಗಿ ಕೂರಲಿ ಅಂತ ಕಾರ್ಖಾನೆಯಲ್ಲಿ ಅದನ್ನು ಉಜ್ಜಿದ್ದರು. ಉಜ್ಜಿ ಉಜ್ಜಿ ಒಂದು ಕಡೆ ಅದು 4.7 ಮಿ.ಮೀ.ಗೆ ಬಂದಿತ್ತು. ಯಾರಿಗೂ ಕೆಟ್ಟ ಉದ್ದೇಶ ಇರಲಿಲ್ಲ. ಕೆಲಸ ಮುಂದೆ ಹೋಗಬೇಕಿತ್ತು, ಹೋಯಿತು. ಆ ಹಂತದಲ್ಲಿ ಅಳೆದು ‘ಇದು ಫೇಲ್’ ಅನ್ನುವವರು ಇರಲಿಲ್ಲ. ಎಷ್ಟೋ ವರ್ಷಗಳ ನಂತರ, ಸಾವಿರ ಜನರನ್ನು ಹೊತ್ತು ಓಡುವಾಗ ಹಳಿಯೇ ಆ ಪರೀಕ್ಷೆ ಮಾಡಿತು.

ಈಗ ಎರಡನ್ನೂ ಪಕ್ಕ ಪಕ್ಕ ಇಟ್ಟು ನೋಡಿ. ಒಂದು ಡಬ್ಬಿ ಕಾರ್ಖಾನೆಯೊಳಗೆ, ಎಲ್ಲರ ಕಣ್ಣೆದುರು ಸೋತಿತು. ಸಾವಿರಾರು ಕೋಟಿ ರೂಪಾಯಿಯ ಕೆಲಸ ಹೋಯಿತು, ಊರೊಂದು ಕಾರ್ಖಾನೆ ಕಳೆದುಕೊಂಡಿತು. ಇನ್ನೊಂದು ಚೌಕಟ್ಟು ಕಾರ್ಖಾನೆಯಲ್ಲಿ ಸೋಲಲೇ ಇಲ್ಲ, ಸದ್ದಿಲ್ಲದೆ ಪಾಸಾಗಿ ಹೊರಬಂತು. ಯಾವುದು ಒಳ್ಳೆಯ ಸೋಲು ಅಂತ ನಾನು ಹೇಳಬೇಕಾಗಿಲ್ಲ. ಆದರೆ ನಷ್ಟ ಕಣ್ಣಿಗೆ ಕಂಡದ್ದು ಮೊದಲನೆಯದರಲ್ಲಿ. ಕಷ್ಟ ಇರೋದೇ ಇಲ್ಲಿ. ಸರಿಯಾದ ಜಾಗದಲ್ಲಿ ಸೋತವರಿಗೆ ಬಿಲ್ ಕೂಡಲೇ ಬರುತ್ತೆ. ಪರೀಕ್ಷೆ ತಪ್ಪಿಸಿಕೊಂಡವರ ಬಿಲ್ ಮುಂದೆ ಯಾರದೋ ಹೆಸರಿಗೆ ಬರುತ್ತೆ.

ಇದು ನನಗೆ ಇಷ್ಟು ತಾಗಿದ್ದಕ್ಕೆ ಒಂದು ಕಾರಣವಿದೆ. ಹೇಳಿಕೊಳ್ಳೋಕೆ ಸ್ವಲ್ಪ ಮುಜುಗರ.

ಐದು ವರ್ಷದ ಹಿಂದೆ ನಾನಿದ್ದ ಟೀಮ್‌ನಲ್ಲಿ ಒಂದು ರಿಲೀಸ್ ಇತ್ತು. ಸೆಕೆಂಡಿಗೆ 5,000 ರಿಕ್ವೆಸ್ಟ್ ತಾಳಬೇಕು ಅಂತ ಲೋಡ್ ಟೆಸ್ಟ್. ನಮ್ಮ ಸರ್ವಿಸ್ 3,200ಕ್ಕೇ ಉಸಿರು ಬಿಡುತ್ತಿತ್ತು. ರಿಲೀಸ್‌ಗೆ ಹತ್ತೇ ದಿನ. ಮೀಟಿಂಗ್‌ನಲ್ಲಿ ಯಾರೋ ಅಂದರು, ‘5,000 ಅಂತ ಯಾರು ಹೇಳಿದ್ದು? ಅಷ್ಟು ಟ್ರಾಫಿಕ್ ನಿಜವಾಗ್ಲೂ ಬರುತ್ತಾ?’ ಯಾರೂ ಉತ್ತರ ಕೊಡಲಿಲ್ಲ. ನನ್ನ ಕಡೆ ನೋಡಿದರು. ಆ ಫೈಲ್ ನನ್ನ ಹತ್ತಿರ ಇತ್ತು. ಸಂಜೆ 5,000 ಅಳಿಸಿ 3,000 ಅಂತ ಹಾಕಿದೆ. ಟೆಸ್ಟ್ ಹಸಿರಾಯ್ತು. ಕೇಕ್ ಬಂತು, ಫೋಟೋ ತೆಗೆಸಿಕೊಂಡೆವು.

ಹಬ್ಬದ ಸೇಲ್ ರಾತ್ರಿ ಸರ್ವಿಸ್ ಮಲಗಿತು. ಆ ಹೊತ್ತಿಗೆ ನಾನು ಬೇರೆ ಪ್ರಾಜೆಕ್ಟ್‌ನಲ್ಲಿದ್ದೆ. ಆನ್‌ಕಾಲ್‌ನಲ್ಲಿದ್ದದ್ದು ಸೇರಿ ನಾಲ್ಕು ತಿಂಗಳಾದ ಹುಡುಗಿ. ಬೆಳಗಿನ ಜಾವ ನಾಲ್ಕರವರೆಗೆ ಒಬ್ಬಳೇ ಒದ್ದಾಡಿ, ಮರುದಿನ ಎಲ್ಲರೆದುರು ಬೈಸಿಕೊಂಡಳು. 5,000 ಯಾವಾಗ 3,000 ಆಯಿತು ಅಂತ ಯಾರೂ ಕೇಳಲಿಲ್ಲ. ನಾನೂ ಹೇಳಲಿಲ್ಲ. ಆ ಹುಡುಗಿಗೆ ಇವತ್ತಿಗೂ ಗೊತ್ತಿಲ್ಲ. ಈ ಅಂಕಣ ಅವಳ ಕಣ್ಣಿಗೆ ಬಿದ್ದರೆ, ಬಿಲ್ ನನ್ನ ಹೆಸರಿನದು, ಕ್ಷಮಿಸು.

ರೈಲಿನವರಿಗೂ ಆ ಆಸೆ ಬಂದಿರಬಹುದೇನೋ. ಗಡುವು ಎದುರಿಗಿತ್ತು, ನೂರಾರು ಜನರ ಕೆಲಸ ಅದರ ಮೇಲೆ ನಿಂತಿತ್ತು. ಆದರೂ 8,00,000 ಪೌಂಡ್ ಎಂಬ ಸಂಖ್ಯೆ ಕದಲಲಿಲ್ಲ. ಆ ಸಂಖ್ಯೆ ಡಬ್ಬಿ ಕಟ್ಟುವವರ ಕೈಯಲ್ಲಿ ಇರಲಿಲ್ಲ ಅನ್ನೋದು ಮುಖ್ಯ. ನನ್ನ ಟೆಸ್ಟ್ ಫೈಲ್ ನನ್ನ ಕೈಯಲ್ಲೇ ಇತ್ತು. ಪ್ರಾಮಾಣಿಕತೆ ಒಳ್ಳೆಯ ಗುಣವೇ. ಆದರೆ ರಿಲೀಸ್‌ಗೆ ಹತ್ತು ದಿನ ಇರುವಾಗ ಅದೊಂದನ್ನೇ ನಂಬಿ ಕೂರಬಾರದು. ಪರೀಕ್ಷೆ ಬರೆಯುವವನೇ ಪಾಸ್ ಮಾರ್ಕ್ಸ್ ನಿಗದಿ ಮಾಡುವ ಹಾಗೆ ಇರಬಾರದು. ಮತ್ತೆ ಪರೀಕ್ಷೆ ಕೊನೇ ವಾರಕ್ಕೆ ಉಳಿಯಬಾರದು. ಸೋತರೆ ತಿದ್ದಿಕೊಳ್ಳೋಕೆ ದಿನಗಳಿರಬೇಕು. ರೋಷೆಲ್ ಮುಚ್ಚಿದ್ದು ಡಬ್ಬಿ ಸೋತಿದ್ದರಿಂದಷ್ಟೇ ಅಂತ ನನಗನ್ನಿಸೋದಿಲ್ಲ. ಸೋತ ಮೇಲೆ ತಿದ್ದೋಕೆ ಎರಡೇ ವರ್ಷ ಉಳಿದಿತ್ತು, ಡಬ್ಬಿ ಕಟ್ಟುವವರಿಗೆ ಅದು ಸಾಲದು.

ನಿಪ್ಪಾನ್ ಶರ್ಯೋ ಅಮೆರಿಕದ ಕಾರ್ಖಾನೆ ಕಳೆದುಕೊಂಡರೂ ಜಪಾನಿನಲ್ಲಿ ಗಟ್ಟಿಯಾಗಿದೆ. 2020ರ ಜುಲೈನಲ್ಲಿ ಶುರುವಾದ ಶಿಂಕಾನ್ಸೆನ್‌ನ ಹೊಸ ತಲೆಮಾರಿನ ಡಬ್ಬಿಗಳೂ ಇವರ ಕಾರ್ಖಾನೆಯಿಂದ ಬರುತ್ತಿವೆ. ಸೋತ ಆ ಗೂಡಿನಿಂದ ಯಾರಿಗೂ ಒಂದು ಗೀರೂ ಆಗಲಿಲ್ಲ.

ಕಳೆದ ತಿಂಗಳು ನಮ್ಮ ಟೀಮ್‌ನಲ್ಲಿ ಮತ್ತೊಂದು ಟೆಸ್ಟ್ ಕೆಂಪಾಯಿತು. ಈಗ ಆ ಸಂಖ್ಯೆ ಬದಲಾಯಿಸಬೇಕಾದರೆ ಬೇರೆ ಟೀಮ್‌ನ ಇಬ್ಬರು ಒಪ್ಪಬೇಕು. ಆ ನಿಯಮ ತಂದಿದ್ದು ನಾನೇ, ಯಾಕೆ ಅಂತ ಮಾತ್ರ ಯಾರಿಗೂ ಹೇಳಿರಲಿಲ್ಲ. ರಿಲೀಸ್ ಮೂರು ವಾರ ಮುಂದೆ ಹೋಯಿತು. ಮ್ಯಾನೇಜರ್ ಮುಖ ಗಂಟಿಕ್ಕಿಕೊಂಡಿದ್ದಾರೆ. ಅಪ್ರೈಸಲ್‌ನಲ್ಲಿ ಇದು ಪ್ಲಸ್ಸೋ ಮೈನಸ್ಸೋ ನೋಡಬೇಕು. ಆನ್‌ಕಾಲ್‌ನಲ್ಲಿರುವ ಹೊಸ ಹುಡುಗ ಮಾತ್ರ ರಾತ್ರಿ ನಿದ್ದೆ ಮಾಡ್ತಿದ್ದಾನೆ.